ಗೆರೆಗೆ ಲಯವನ್ನು ಅರಸಿದ ಹೆಬ್ಬಾರರು

ಕಾಲಾಘೋಡಾದ ಜಹಾಂಗೀರ್ ಆರ್ಟ್ ಗ್ಯಾಲರಿಯ ಮುಂದೆ ಒಮ್ಮೆಯಾದರೂ ಹಾದುಹೋಗದ ಮುಂಬಯಿ ಕನ್ನಡಿಗರು ವಿರಳ. ಚಿತ್ರಪ್ರದರ್ಶನಕ್ಕಲ್ಲದಿದ್ದರೂ ಮಳೆಯಿಂದ ತಪ್ಪಿಸಿಕೊಳ್ಳಲೆಂದಾದರೂ ಅದರ ಬಾಗಿಲಲ್ಲಿ ನಿಂತಿರುತ್ತಾರೆ. ಸರ್ ಕಾವಸ್‌ಜಿ ಜಹಾಂಗೀರರ ಔದಾರ್ಯದಿಂದ 1952ರಲ್ಲಿ ತಲೆಯೆತ್ತಿದ ಈ ಸಂಸ್ಥೆಗಾಗಿ ಅವರನ್ನು ಒತ್ತಾಯಿಸಿದವರಲ್ಲಿ ವಿಜ್ಞಾನಿ ಹೋಮಿ ಭಾಭಾ ಅವರೊಡನೆ ಉಡುಪಿಯ ಸಮೀಪದ ಹಳ್ಳಿಯಿಂದ ಬಂದ ಚಿತ್ರಕಾರರೊಬ್ಬರೂ ಇದ್ದರೆಂಬುದು ಮಾತ್ರ ಬಹುಮಂದಿಗೆ ತಿಳಿಯದು. ಅವರೇ ಕಟ್ಟಿಂಗೇರಿ ಕೃಷ್ಣ ಹೆಬ್ಬಾರರು.

1911ರ ಜೂನ್ 15ರಂದು ತುಳು ಮನೆಮಾತಿನ ಕುಟುಂಬದಲ್ಲಿ ಜನಿಸಿದ ಹೆಬ್ಬಾರರ ಬಾಲ್ಯದ ಕಣ್ಣನ್ನು ತುಂಬಿದ್ದು ಕರಾವಳಿಯ ಕೆಮ್ಮಣ್ಣು, ಹಸುರು ಮತ್ತು ಯಕ್ಷಗಾನದ ವೇಷಗಳು. ಮುಂಬಯಿಗೆ ಬಂದ ಮೇಲೆ ಕನ್ನಡಿಗರೇ ಆದ ದಂಡಾವತಿಮಠರ ನೂತನ ಕಲಾಮಂದಿರದಲ್ಲಿ ಅಭ್ಯಾಸ ನಡೆಸಿ, ತರುವಾಯ ಜೆ. ಜೆ. ಕಲಾಶಾಲೆಯಿಂದ 1938ರಲ್ಲಿ ಡಿಪ್ಲೊಮಾ ಪಡೆದರು. 1940ರಿಂದ 1945ರವರೆಗೆ ಅಲ್ಲಿಯೇ ಅಧ್ಯಾಪಕರೂ ಆದರು.

ಊರು ಬಿಟ್ಟು ಬಂದವನಿಗೆ ತಿಂಗಳ ಸಂಬಳಕ್ಕಿಂತ ಮಿಗಿಲಾದ ಭಾಗ್ಯವಾವುದು? ಆದರೆ ಹೆಬ್ಬಾರರಿಗೆ ನೆಮ್ಮದಿಯಿರಲಿಲ್ಲ. ಕಣ್ಣಿಗೆ ಕಂಡ ನಿಸರ್ಗವನ್ನು ಕಂಡಂತೆಯೇ, ಬೆಳಕು-ನೆರಳುಗಳ ಲೆಕ್ಕಾಚಾರ ತಪ್ಪದಂತೆ ಬರೆಯುವ ಪಾಶ್ಚಾತ್ಯ ಪದ್ಧತಿ ಅವರಿಗೆ ಕರಗತವಾಗಿತ್ತು. ಆ ಚಿತ್ರಗಳಲ್ಲಿ ತಮ್ಮ ನೆಲ ಮಾತಾಡುತ್ತಿಲ್ಲವೆಂಬುದೇ ಅವರ ಕೊರಗು. ಜೈನ ಹಸ್ತಪ್ರತಿಗಳ ಚಿತ್ರಗಳನ್ನೂ ರಜಪೂತ ಕಿರುಚಿತ್ರಗಳನ್ನೂ ಅಮೃತಾ ಶೇರ್‌ಗಿಲ್‌ರ ಕೃತಿಗಳನ್ನೂ ಮನಸ್ಸಿಟ್ಟು ನೋಡಿದರು. ಮಲಬಾರಿನಲ್ಲಿ ಸಂಚರಿಸಿದರು. ಅನಂತರದ ಅವರ ಚಿತ್ರಗಳಲ್ಲಿ ದಕ್ಷಿಣದ ಮಣ್ಣಿನ ಕೆಂಪು ಮತ್ತು ದುಡಿಯುವ ಹೆಂಗಸರ ಸರಳ, ಗಟ್ಟಿ ಆಕೃತಿಗಳು ಮೂಡಿದವು.

ಎಲ್ಲಕ್ಕಿಂತ ಸೋಜಿಗದ ಸಂಗತಿಯೆಂದರೆ, ಚಿತ್ರದಲ್ಲಿ ಲಯವೆಂಬುದು ಏನೆಂದು ಅರಿಯಲು ಅವರು ಪಂಡಿತ ಸುಂದರಪ್ರಸಾದರಲ್ಲಿ ಕಥಕ್ ನೃತ್ಯವನ್ನು ಅಭ್ಯಾಸಮಾಡಿದರು. ವೇದಿಕೆ ಏರುವ ಹಂಬಲ ಅವರದಾಗಿರಲಿಲ್ಲ. ಕಾಲಿನ ತಾಳವನ್ನು ಕೈಯ ಗೆರೆಗೆ ತರಬೇಕಾಗಿತ್ತು, ಅಷ್ಟೇ. ನರ್ತಕಿಯ ತಿರುವನ್ನೋ ಚೆಂಡೆಯವನ ಬಾಗಿದ ಬೆನ್ನನ್ನೋ ನಾಲ್ಕಾರು ಎಳೆಗಳಲ್ಲಿ ಹಿಡಿದಿಡುವ ಅವರ ರೇಖಾಚಿತ್ರಗಳನ್ನು ನೋಡಿದವರಿಗೆ ಆ ಶ್ರಮ ಸಾರ್ಥಕವಾಯಿತೆಂದು ಬೇರೆ ಹೇಳಬೇಕಾಗಿಲ್ಲ. ಹಾಡುವ ರೇಖೆ ಎಂಬರ್ಥದ ಇಂಗ್ಲಿಷ್ ಶೀರ್ಷಿಕೆಯಲ್ಲಿ ಅವು ಗ್ರಂಥರೂಪವನ್ನೂ ತಾಳಿದವು. ಬಣ್ಣದ ಚಿತ್ರಗಳಿಗಿಂತ ಈ ಗೆರೆಗಳಲ್ಲಿಯೇ ಹೆಬ್ಬಾರರು ಹೆಚ್ಚು ನಿಚ್ಚಳವಾಗಿ ಕಾಣುತ್ತಾರೆಂದರೆ ತಪ್ಪಾಗದು.

1949-50ರಲ್ಲಿ ಪ್ಯಾರಿಸ್ಸಿನ ಅಕಾಡೆಮಿ ಜೂಲಿಯನ್‌ನಲ್ಲಿ ವ್ಯಾಸಂಗ ಮಾಡಿದರೂ ಅವರು ನೆಲೆಸಿದ್ದು ಮುಂಬಯಿಯಲ್ಲೇ. 1961ರಲ್ಲಿ ಪದ್ಮಶ್ರೀ, 1989ರಲ್ಲಿ ಪದ್ಮಭೂಷಣ ಬಂದವು. 1996ರ ಮಾರ್ಚ್ 26ರಂದು ಇದೇ ನಗರದಲ್ಲಿ ಅವರು ಕಣ್ಮುಚ್ಚಿದರು.

ರಜೆಯಲ್ಲಿ ಬೆಂಗಳೂರಿಗೆ ಹೋಗುವವರು ಕಬ್ಬನ್ ಪಾರ್ಕಿನ ಬಳಿಯ ವೆಂಕಟಪ್ಪ ಚಿತ್ರಶಾಲೆಯನ್ನು ಹೊಕ್ಕುನೋಡಬೇಕು. ಹೆಬ್ಬಾರರು ತಮ್ಮ ಕೃತಿಗಳನ್ನು ನಾಡಿಗೆ ಒಪ್ಪಿಸಿದ್ದು ಅಲ್ಲಿ.