ಜಮೀನು ತಂದ ಹೆಸರು

ಶಾಲೆಯ ಪುಸ್ತಕಗಳಲ್ಲಿ ಮಕ್ಕಳು ಓದುವ ಕೆಲವು ಇಂಗ್ಲಿಷ್ ಹೆಸರುಗಳನ್ನು ನೋಡಿ: ನ್ಯೂಟನ್, ಜಾನ್ಸನ್, ಥ್ಯಾಚರ್, ಛಾಸರ್. ನ್ಯೂಟನ್ ಎಂದರೆ ‘ಹೊಸ ಊರು’. ಜಾನ್ಸನ್ ಎಂದರೆ ಜಾನ್‌ನ ಮಗ. ಥ್ಯಾಚರ್ ಎಂದರೆ ಮನೆಯ ಮಾಡಿಗೆ ಹುಲ್ಲು ಹೊದಿಸುವವನು. ಛಾಸರ್ ಎಂಬುದು ಫ್ರೆಂಚ್ ಮೂಲದ ಮಾತು. ಪಾದರಕ್ಷೆ ಮಾಡುವವನು ಎಂದು ಅದರ ಅರ್ಥ. ಊರು, ತಂದೆ, ಕಸುಬು, ಅಡ್ಡಹೆಸರು: ಇಂಗ್ಲಿಷರ ಮನೆತನದ ಹೆಸರುಗಳಲ್ಲಿ ಬಹುಪಾಲು ಹುಟ್ಟಿದ್ದು ಈ ನಾಲ್ಕರಿಂದ.

ಆದರೆ ಸಾವಿರ ವರ್ಷಗಳ ಹಿಂದೆ ಇಂಗ್ಲೆಂಡಿನಲ್ಲಿ ತಂದೆಯಿಂದ ಮಗನಿಗೆ ಬರುವ ಮನೆತನದ ಹೆಸರು ಎಂಬುದೇ ಇರಲಿಲ್ಲ. ಒಬ್ಬ ಮನುಷ್ಯನಿಗೆ ಒಂದೇ ಹೆಸರು. ಎರಡನೆಯ ಹೆಸರು ಯಾರಿಗೆ ಬೇಕಾಯಿತು, ಏಕೆ ಬೇಕಾಯಿತು? ಈ ಪ್ರಶ್ನೆಯ ಬೆನ್ನು ಹತ್ತಿ ಹೋದರೆ ಮೊದಲು ಎದುರಾಗುವುದು ಒಂದು ಯುದ್ಧ, ಆಮೇಲೆ ಜಮೀನು, ಕೊನೆಗೆ ನ್ಯಾಯಾಲಯ.

ಸೋತವರ ಹೆಸರುಗಳು

1066ರ ಅಕ್ಟೋಬರ್ 14ರಂದು ಹೇಸ್ಟಿಂಗ್ಸ್ ಯುದ್ಧದಲ್ಲಿ ನಾರ್ಮಂಡಿಯ ವಿಲಿಯಂ ಇಂಗ್ಲೆಂಡಿನ ದೊರೆ ಹೆರಾಲ್ಡನನ್ನು ಸೋಲಿಸಿದ. ಅಲ್ಲಿಯವರೆಗೆ ಇಂಗ್ಲಿಷರ ಹೆಸರುಗಳು ಎರಡು ಪದಗಳನ್ನು ಜೋಡಿಸಿ ಕಟ್ಟಿದವು. ಎಡ್ವರ್ಡ್ ಎಂಬುದರಲ್ಲಿ ‘ಸಂಪತ್ತು’ ಮತ್ತು ‘ಕಾವಲುಗಾರ’ ಇದ್ದಾರೆ. ವುಲ್ಫ್‌ಸ್ಟಾನ್ ಎಂಬುದರಲ್ಲಿ ‘ತೋಳ’ವೂ ‘ಕಲ್ಲೂ’ ಇವೆ. ಗಾಡ್ವಿನ್, ಲಿಯೋಫ್ರಿಕ್, ಆಲ್ಫ್ರೆಡ್ ಎಲ್ಲವೂ ಇದೇ ಜಾತಿಯವು.

ಹೊಸ ದೊರೆ ಬಂದ ಮೇಲೆ ಜಮೀನು ಕೈ ಬದಲಾಯಿತು. 1086ರಲ್ಲಿ ವಿಲಿಯಂ ಮಾಡಿಸಿದ ಡೂಮ್ಸ್‌ಡೇ ಎಂಬ ಭೂದಾಖಲೆಯಲ್ಲಿ ದೊಡ್ಡ ಹಿಡುವಳಿದಾರರು ಬಹುತೇಕ ಎಲ್ಲರೂ ಸಮುದ್ರದಾಚೆಯಿಂದ ಬಂದವರೇ. ಹಳೆಯ ಹೆಸರುಗಳಿಗೆ ‘ಸೋತವರ ಹೆಸರು’ ಎಂಬ ಮುದ್ರೆ ಬಿತ್ತು. ಇದರ ಬಿಸಿ ಅರಮನೆಗೂ ತಟ್ಟಿತು. 1100ರಲ್ಲಿ ಮೊದಲನೆಯ ಹೆನ್ರಿಯನ್ನು ಮದುವೆಯಾದ ಎಡಿತ್ ಎಂಬ ರಾಜಕುಮಾರಿ ಮಟಿಲ್ಡಾ ಎಂಬ ಹೆಸರಿನಿಂದ ರಾಣಿಯಾದಳು. ಆದರೂ ನಾರ್ಮನ್ ಸರದಾರರು ರಾಜದಂಪತಿಯನ್ನು ‘ಗಾಡ್ರಿಕ್, ಗಾಡ್‌ಗಿಫು’ ಎಂಬ ಇಂಗ್ಲಿಷ್ ಹೆಸರುಗಳಿಂದ ಕರೆದು ಲೇವಡಿ ಮಾಡುತ್ತಿದ್ದರು.

ಮಕ್ಕಳ ಲೋಕದಲ್ಲಿ ಏನು ನಡೆಯಿತೆಂಬುದಕ್ಕೂ ಒಂದು ದಾಖಲೆ ಇದೆ. 12ನೇ ಶತಮಾನದಲ್ಲಿ ವಿಟ್ಬಿ ಎಂಬ ಊರಿನ ಒಬ್ಬ ಹುಡುಗನಿಗೆ ತಂದೆತಾಯಿ ಟೋಸ್ಟಿಗ್ ಎಂದು ಹೆಸರಿಟ್ಟಿದ್ದರು. ಆ ಹಳೆಯ ಹೆಸರನ್ನು ಹಿಡಿದು ಓರಗೆಯವರು ನಗತೊಡಗಿದಾಗ, ಹೆತ್ತವರು ಅದನ್ನು ವಿಲಿಯಂ ಎಂದು ಬದಲಿಸಿದರು. ಮುಂದೆ ಅವನು ಸನ್ಯಾಸಿಯಾಗಿ ಬಾರ್ಥಲೋಮ್ಯೂ ಎಂಬ ಮೂರನೆಯ ಹೆಸರು ಪಡೆದು ಫಾರ್ನ್ ದ್ವೀಪದಲ್ಲಿ ನೆಲೆಸಿದ. ಮಗ ನಗೆಪಾಟಲಾಗಬಾರದು, ಗೆದ್ದವರ ಸಾಲಿನಲ್ಲಿ ನಿಲ್ಲಬೇಕು ಎಂಬ ಹೆತ್ತವರ ಆಸೆಯೇ ಕೆಲವೇ ತಲೆಮಾರುಗಳಲ್ಲಿ ಒಂದು ದೇಶದ ಹೆಸರುಗಳ ಪಟ್ಟಿಯನ್ನು ಬದಲಿಸಿತು.

ಕೋಣೆ ತುಂಬ ವಿಲಿಯಂ

ಎಲ್ಲರೂ ಗೆದ್ದವರ ಹೆಸರನ್ನೇ ಇಟ್ಟರೆ ಏನಾಗುತ್ತದೆ? 1171ರ ಕ್ರಿಸ್‌ಮಸ್‌ನಲ್ಲಿ ನಾರ್ಮಂಡಿಯ ಬಾಯೋ ಪಟ್ಟಣದ ಬಳಿ ಯುವರಾಜ ಹೆನ್ರಿಯ ಔತಣ ನಡೆಯಿತು. ಅಲ್ಲಿ ಇಬ್ಬರು ವಿಲಿಯಂಗಳು ಸೇರಿ ಒಂದು ತಮಾಷೆ ಹೂಡಿದರು: ವಿಲಿಯಂ ಎಂಬ ಹೆಸರಿಲ್ಲದವರು ಈ ಕೋಣೆಯಲ್ಲಿ ಊಟಕ್ಕೆ ಕೂರುವಂತಿಲ್ಲ! ಉಳಿದವರನ್ನೆಲ್ಲ ಹೊರಗೆ ಕಳಿಸಿದ ಮೇಲೂ ಒಳಗೆ 110 ಮಂದಿ ವಿಲಿಯಂ ಎಂಬ ಯೋಧರು ಉಳಿದಿದ್ದರಂತೆ. ಆ ಕಾಲದ ಚರಿತ್ರೆಕಾರನೂ ಮಠಾಧಿಪತಿಯೂ ಆಗಿದ್ದ ರಾಬರ್ಟ್ ಎಂಬಾತ ಇದನ್ನು ಬರೆದಿಟ್ಟಿದ್ದಾನೆ.

ಮುಂದಿನ ಶತಮಾನಗಳಲ್ಲಿ ಈ ಬರ ಇನ್ನೂ ಹೆಚ್ಚಿತು. ಜಾನ್, ವಿಲಿಯಂ, ಥಾಮಸ್, ರಾಬರ್ಟ್, ರಿಚರ್ಡ್ ಎಂಬ ಐದೇ ಹೆಸರುಗಳಲ್ಲಿ ಬಹುಪಾಲು ಗಂಡಸರು ಅಡಗಿಹೋದರು. ಇದಕ್ಕೆ ಇನ್ನೊಂದು ಕಾರಣ ನಾಮಕರಣದ ಪದ್ಧತಿ. ದೀಕ್ಷಾಸ್ನಾನದ ದಿನ ಮಗುವಿಗೆ ಹೆಸರಿಡುತ್ತಿದ್ದವರು ಸಾಮಾನ್ಯವಾಗಿ ಜ್ಞಾನಪಿತ ಅಥವಾ ಜ್ಞಾನಮಾತೆ. ಹೆಚ್ಚಾಗಿ ತಮ್ಮ ಹೆಸರನ್ನೇ ಇಡುತ್ತಿದ್ದರು. ಹೀಗಾಗಿ ಒಂದೇ ಮನೆಯಲ್ಲಿ ಅಣ್ಣನಿಗೂ ತಮ್ಮನಿಗೂ ಒಂದೇ ಹೆಸರು ಬೀಳುವುದೂ ಇತ್ತು.

ಜನ ಮುದ್ದಿನ ಹೆಸರುಗಳ ಮೊರೆಹೋದರು. ರಿಚರ್ಡ್ ಡಿಕ್ ಆದ, ರಾಬರ್ಟ್ ಹಾಬ್ ಆದ, ವಾಲ್ಟರ್ ವಾಟ್ ಆದ. ಮುಂದೆ ಅವರ ಮಕ್ಕಳು ಡಿಕ್ಸನ್, ಹಾಬ್ಸನ್, ವಾಟ್ಸನ್ ಆದರು. ಇಷ್ಟು ಸಾಲದಾದಾಗ ಕಸುಬನ್ನೋ ಊರನ್ನೋ ಸೇರಿಸಿ ಹೇಳಬೇಕಾಯಿತು. 14ನೇ ಶತಮಾನದ ಕೊನೆಯ ಹೊತ್ತಿಗೆ ತಲೆಗಂದಾಯದ ಪಟ್ಟಿಗಳಲ್ಲಿ ಸಾಮಾನ್ಯ ರೈತರಿಗೂ ಎರಡನೆಯ ಹೆಸರು ಕಾಣಸಿಗುತ್ತದೆ.

ಊರು ಬಿಟ್ಟರೆ ಹೆಸರೂ ಬಿಟ್ಟಂತೆ

ಜಮೀನಿದ್ದವರಿಗೆ ಎರಡನೆಯ ಹೆಸರು ಬೇಕಾದದ್ದು ಇದಕ್ಕಿಂತ ಬಹಳ ಮೊದಲೇ. ದೊಡ್ಡ ಸರದಾರರ ಕೆಳಗೆ, ಒಂದೆರಡು ಹಳ್ಳಿಗಳ ಒಡೆತನ ಹೊಂದಿದ್ದ ಸಣ್ಣ ಜಮೀನ್ದಾರರ ಒಂದು ವರ್ಗ ಇಂಗ್ಲೆಂಡಿನಲ್ಲಿ ಬೆಳೆಯಿತು. ಇತಿಹಾಸದ ಪುಸ್ತಕಗಳಲ್ಲಿ ಇವರಿಗೆ ‘ಜೆಂಟ್ರಿ’ ಎನ್ನುತ್ತಾರೆ. ಇವರ ಹೆಸರಿನ ಮುಂದೆ ‘ಡಿ’ ಎಂಬ ಫ್ರೆಂಚ್ ಪ್ರತ್ಯಯ, ಅದರ ಮುಂದೆ ಊರು. ಅಂದರೆ ‘ಇಂಥ ಊರಿನವನು’ ಎಂದು ಹೇಳುವುದರ ಜೊತೆಗೆ ‘ಈ ಊರು ನನ್ನದು’ ಎಂದೂ ಸಾರಿದಂತೆ.

ಆದ್ದರಿಂದ ಜಮೀನು ಬದಲಾದರೆ ಹೆಸರೂ ಬದಲಾಗುತ್ತಿತ್ತು. 12ನೇ ಶತಮಾನದ ಕೊನೆಯ ಭಾಗದಲ್ಲಿ ಡರ್ಹ್ಯಾಮ್ ಪ್ರಾಂತದ ವಿಲಿಯಂ ಡಿ ಹರ್ಟ್‌ಬರ್ನ್ ಎಂಬ ಯೋಧ ತನ್ನ ಊರನ್ನು ಬಿಟ್ಟು ವೆಸಿಂಗ್ಟನ್ ಎಂಬ ಊರಿನ ಒಡೆತನ ಪಡೆದ. ಅಂದಿನಿಂದ ಅವನು ವಿಲಿಯಂ ಡಿ ವೆಸಿಂಗ್ಟನ್. ಆ ಮನೆತನದ ಒಂದು ಕವಲು 17ನೇ ಶತಮಾನದಲ್ಲಿ ಅಮೆರಿಕಕ್ಕೆ ಹೋಯಿತು. ಅದರಲ್ಲಿ ಹುಟ್ಟಿದವನೇ ಜಾರ್ಜ್ ವಾಷಿಂಗ್ಟನ್. ಆ ಒಂದು ವಿನಿಮಯ ನಡೆಯದೇ ಹೋಗಿದ್ದರೆ ಅಮೆರಿಕದ ರಾಜಧಾನಿಯ ಹೆಸರೇ ಬೇರೆಯಾಗಿರುತ್ತಿತ್ತು.

ಜಮೀನು ಹೆಣ್ಣಿನ ಕಡೆಯಿಂದ ಬಂದರೆ ಹೆಸರೂ ಹೆಣ್ಣಿನ ಕಡೆಯದೇ. ಅದೇ ಶತಮಾನದಲ್ಲಿ ಪರ್ಸಿ ಮನೆತನದ ವಾರಸುದಾರಳಾದ ಆಗ್ನೆಸ್, ರಾಣಿಯೊಬ್ಬಳ ತಮ್ಮನಾದ ಲೂವೇನಿನ ಜೋಸ್ಲಿನ್‌ನನ್ನು ಮದುವೆಯಾದಳು. ಗಂಡ ರಾಜಬಂಧು. ಆದರೂ ಮಕ್ಕಳು ಪರ್ಸಿ ಎಂದೇ ಉಳಿದರು, ಏಕೆಂದರೆ ಎಸ್ಟೇಟು ಪರ್ಸಿಗಳದು. ಹಿರಿಯ ಮಗನಿಗೇ ಆಸ್ತಿ ಎಂಬ ಪದ್ಧತಿ ಗಟ್ಟಿಯಾದಂತೆ, ಅಪ್ಪನ ಹೆಸರನ್ನು ಉಳಿಸಿಕೊಳ್ಳುವುದು ವಾರಸುದಾರಿಕೆಯ ಗುರುತೂ ಆಯಿತು.

1413ರಲ್ಲಿ ಕಾನೂನೂ ಈ ವಿಷಯಕ್ಕೆ ಕೈಹಾಕಿತು. ಆ ವರ್ಷದ ಒಂದು ಶಾಸನದ ಪ್ರಕಾರ ಅನೇಕ ಬಗೆಯ ಮೊಕದ್ದಮೆಗಳಲ್ಲಿ ಪ್ರತಿವಾದಿಯ ಹೆಸರಿನ ಜೊತೆಗೆ ಅವನ ಅಂತಸ್ತು ಅಥವಾ ಕಸುಬು, ವಾಸದ ಊರು ಇವನ್ನೂ ಬರೆಯಬೇಕಾಯಿತು. ‘ಜಂಟಲ್‌ಮನ್’ ಎಂಬ ಮಾತು ಅಂತಸ್ತಿನ ಹೆಸರಾಗಿ ದಾಖಲೆಗಳಲ್ಲಿ ಹರಡಿದ್ದು ಹೀಗೆ. ಯಾರು ಜಂಟಲ್‌ಮನ್, ಯಾರು ಬರೀ ಒಕ್ಕಲಿಗ ಎಂಬುದು ಕಾಗದದ ಮೇಲೆ ನಿಂತಿತು.

ಸಾಲ ಮಾಡಿ ಓದಿಸಿದ ಅಪ್ಪ

ಹೆಸರು, ಜಮೀನು, ಅಂತಸ್ತು ಮೂರೂ ಎಷ್ಟು ಬಿಗಿಯಾಗಿ ಹೆಣೆದುಕೊಂಡಿದ್ದವು ಎಂಬುದಕ್ಕೆ ಪಾಸ್ಟನ್ ಮನೆತನದ ಕಥೆಯೇ ಸಾಕ್ಷಿ. ನಾರ್ಫೋಕ್ ಪ್ರಾಂತದ ಸಮುದ್ರತೀರದ ಬಳಿ ಪಾಸ್ಟನ್ ಎಂಬ ಹಳ್ಳಿ. ಅಲ್ಲಿ ಕ್ಲೆಮೆಂಟ್ ಎಂಬ ರೈತನಿದ್ದ. ಈ ಮನೆತನಕ್ಕೆ ಆಗದವರು ಬರೆದಿಟ್ಟ ಒಂದು ಟಿಪ್ಪಣಿಯ ಪ್ರಕಾರ ಅವನಿಗೆ ಇದ್ದದ್ದು ಹೆಚ್ಚೆಂದರೆ 120 ಎಕರೆ, ಅದರಲ್ಲಿ ಬಹುಪಾಲು ಜೀತದ ಷರತ್ತಿನ ಜಮೀನು. ಜೀನಿಲ್ಲದ ಕುದುರೆಯ ಮೇಲೆ ಧಾನ್ಯದ ಮೂಟೆ ಹಾಕಿಕೊಂಡು ತಾನೇ ಗಿರಣಿಗೆ ಹೋಗುತ್ತಿದ್ದನಂತೆ. ಆದರೆ ಅವನು ಮಗನನ್ನು ಶಾಲೆಗೆ ಕಳಿಸಿದ, ಅದಕ್ಕಾಗಿ ಆಗಾಗ ಸಾಲ ಮಾಡಿದ ಎಂದು ಅದೇ ಟಿಪ್ಪಣಿ ಹೇಳುತ್ತದೆ. ನಗೆಯಾಡಲು ಬರೆದ ಮಾತು ಇಂದು ಹೊಗಳಿಕೆಯಾಗಿ ಕೇಳಿಸುತ್ತದೆ.

ಆ ಮಗ ವಿಲಿಯಂ ಕಾನೂನು ಓದಿ 1429ರಲ್ಲಿ ನ್ಯಾಯಾಧೀಶನಾದ. ಹುಟ್ಟೂರಿನಲ್ಲೂ ಸುತ್ತಮುತ್ತಲೂ ಜಮೀನು ಕೊಂಡ. ಹಳ್ಳಿಯಿಂದ ಬಂದ ಹೆಸರಿಗೆ ಈಗ ಹಳ್ಳಿಯಲ್ಲೇ ಬೇರು ಬಿಟ್ಟಿತು. ಅವನ ಮಗ ಜಾನ್, ಮಾಟ್ಬಿ ಎಂಬ ಊರಿನ ವಾರಸುದಾರಳಾದ ಮಾರ್ಗರೆಟ್‌ಳನ್ನು ಮದುವೆಯಾದ. 1459ರಲ್ಲಿ ತೀರಿಕೊಂಡ ಸರ್ ಜಾನ್ ಫಾಸ್ಟಾಲ್ಫ್ ಎಂಬ ಶ್ರೀಮಂತ ಯೋಧನ ಕೇಸ್ಟರ್ ಕೋಟೆ ತನಗೆ ಸೇರಬೇಕೆಂದು ಹಕ್ಕು ಮಂಡಿಸಿದ. ಷೇಕ್ಸ್‌ಪಿಯರನ ಫಾಲ್‌ಸ್ಟಾಫ್ ಪಾತ್ರಕ್ಕೆ ಹೆಸರು ಬಂದದ್ದು ಇದೇ ಫಾಸ್ಟಾಲ್ಫ್‌ನಿಂದ.

ಕೋಟೆಯ ಜೊತೆಗೆ ಶತ್ರುಗಳೂ ಬಂದರು. ಪಾಸ್ಟನ್ನರು ಹುಟ್ಟಿನಿಂದ ದೊರೆಯ ಜೀತದಾಳುಗಳು ಎಂಬ ಆರೋಪ 1465ರ ಹೊತ್ತಿಗೆ ಎದ್ದಿತು. ಇದು ಬರೀ ಅವಮಾನದ ಮಾತಾಗಿರಲಿಲ್ಲ. ಕಾನೂನಿನ ದೃಷ್ಟಿಯಲ್ಲಿ ಜೀತದಾಳಿನ ಆಸ್ತಿ ಒಡೆಯನಿಗೆ ಸೇರಿದ್ದು. ಆರೋಪ ನಿಂತರೆ ಮನೆತನ ಬೀದಿಪಾಲು. ಆ ವರ್ಷ ಜಾನ್ ಲಂಡನ್ನಿನ ಫ್ಲೀಟ್ ಸೆರೆಮನೆಯನ್ನೂ ಕಂಡ. 1466ರ ಮೇ ತಿಂಗಳಲ್ಲಿ ತೀರಿಕೊಂಡ. ಮನೆಯವರು ಹಳೆಯ ಪತ್ರಗಳನ್ನೆಲ್ಲ ಮುಂದಿಟ್ಟರು. ಎರಡೇ ತಿಂಗಳಲ್ಲಿ ದೊರೆ ನಾಲ್ಕನೆಯ ಎಡ್ವರ್ಡ್, ಪಾಸ್ಟನ್ನರು ಹಿಂದಿನಿಂದಲೂ ಕುಲೀನರು ಎಂದು ಒಪ್ಪಿ ಬರೆದುಕೊಟ್ಟ. ಕ್ಲೆಮೆಂಟ್‌ನ ಗಿರಣಿಯ ಕುದುರೆಯನ್ನು ಎಲ್ಲರೂ ಮರೆಯಬೇಕಾಯಿತು.

ಜಾನ್‌ನ ಹಿರಿಯ ಮಗ ಜಾನ್. ಎರಡನೆಯ ಮಗನೂ ಜಾನ್! ಅವರ ಮನೆಯವರಿಗೆ ಇದು ವಿಚಿತ್ರವಾಗಿ ಕಾಣಲಿಲ್ಲ. ಇತಿಹಾಸಕಾರರು ಮಾತ್ರ ಒಂದನೆಯ, ಎರಡನೆಯ, ಮೂರನೆಯ ಜಾನ್ ಎಂದು ಸಂಖ್ಯೆ ಹಾಕಿ ಬಿಡಿಸಿಕೊಳ್ಳುತ್ತಾರೆ. 1479ರಲ್ಲಿ ಅಣ್ಣ ಜಾನ್ ಮದುವೆಯಿಲ್ಲದೆ ತೀರಿಕೊಂಡಾಗ ಆಸ್ತಿ ತಮ್ಮ ಜಾನ್‌ಗೆ ಬಂತು. ಇನ್ನು ತಾಯಿ ಮಾರ್ಗರೆಟ್, ನಲವತ್ತಕ್ಕೂ ಹೆಚ್ಚು ವರ್ಷ ಪಾಸ್ಟನ್ ಎಂಬ ಹೆಸರು ಹೊತ್ತವಳು. ಆದರೂ ತನ್ನನ್ನು ತನ್ನ ಪೂರ್ವಿಕರ ಮಾಟ್ಬಿಯ ಚರ್ಚಿನಲ್ಲೇ ಹೂಳಬೇಕೆಂದು ಉಯಿಲಿನಲ್ಲಿ ಬರೆಸಿದಳು.

ಉಳಿದದ್ದು ಯಾವುದು?

ರೈತ ಕ್ಲೆಮೆಂಟ್‌ನ ವಂಶದವರು 1679ರಲ್ಲಿ ಯಾರ್ಮತ್‌ನ ಅರ್ಲ್ ಎಂಬ ಬಿರುದು ಪಡೆದರು. 1732ರಲ್ಲಿ ಎರಡನೆಯ ಅರ್ಲ್ ತೀರಿಕೊಂಡಾಗ ಬಿರುದೂ ಕೊನೆಗೊಂಡಿತು. ಅಷ್ಟೊಂದು ಜಗಳಕ್ಕೆ ಕಾರಣವಾದ ಕೇಸ್ಟರ್ ಕೋಟೆ ಈಗ ಪಾಳುಬಿದ್ದ ಗೋಡೆಗಳು.

ಆದರೆ ಆ ಮನೆಯವರು ಒಬ್ಬರಿಗೊಬ್ಬರು ಬರೆದ ಕಾಗದಗಳು ಉಳಿದವು. ಜಮೀನಿನ ತಕರಾರು, ಮಗನ ದುಂದು, ಮದುವೆಯ ಮಾತುಕತೆ ಎಲ್ಲವೂ ಅವುಗಳಲ್ಲಿವೆ. 1787ರಿಂದ ಅವು ಅಚ್ಚಾಗತೊಡಗಿದವು. ಈಗ ಹೆಚ್ಚಿನವು ಬ್ರಿಟಿಷ್ ಲೈಬ್ರರಿಯಲ್ಲಿವೆ. ಮಧ್ಯಯುಗದ ಇಂಗ್ಲಿಷ್ ಕುಟುಂಬ ಜೀವನವನ್ನು ಅಭ್ಯಾಸ ಮಾಡುವವರು ಯಾರೂ ಅವನ್ನು ಬಿಟ್ಟು ಮುಂದೆ ಹೋಗಲಾರರು. ಪಾಸ್ಟನ್ ಎಂಬ ಹೆಸರನ್ನು ಇಂದು ಜಗತ್ತು ಬಲ್ಲದ್ದು ಈ ಕಾಗದಗಳಿಂದ. ಜಮೀನಿಗಾಗಿ ಮೂರು ತಲೆಮಾರು ಹೋರಾಡಿದ ಮನೆತನಕ್ಕೆ ಕೊನೆಗೆ ಹೆಸರು ಉಳಿಸಿಕೊಟ್ಟದ್ದು ಕ್ಲೆಮೆಂಟ್ ಸಾಲ ಮಾಡಿ ಕಲಿಸಿದ ಅಕ್ಷರ.