ಮೇಲ್ಮನವಿ ದಯೆ ಅಲ್ಲ, ಹಕ್ಕು

ಜಮೀನಿನ ತಕರಾರಿನಲ್ಲಿ ಕೆಳಗಿನ ಕೋರ್ಟಲ್ಲಿ ಸೋತವರು "ನಮ್ಮ ನಸೀಬು" ಅಂತ ಕೈಚೆಲ್ಲುತ್ತಾರೆ, ಗೆದ್ದವರು ಎಲ್ಲಾ ಮುಗಿಯಿತು ಅಂದುಕೊಳ್ಳುತ್ತಾರೆ. ಎರಡೂ ಸರಿಯಲ್ಲ. ಕಾನೂನು ಮೇಲ್ಮನವಿಯ ದಾರಿ ಇಟ್ಟಿದೆ. ಆದರೆ ಆ ದಾರಿಗೆ ಕ್ರಮ ಇದೆ, ಗಡುವು ಇದೆ.

ಹಜ್ರತ್ ಅಲಿ(ರ) ಅವರನ್ನು ಯಮನ್‌ಗೆ ನ್ಯಾಯ ತೀರ್ಮಾನಕ್ಕೆ ಕಳಿಸುವಾಗ ಪ್ರವಾದಿ(ಸ)ಯವರು ಕೊಟ್ಟ ಬುದ್ಧಿಮಾತಿನ ಸಾರ ಇಷ್ಟೇ: ಒಬ್ಬರ ಮಾತು ಕೇಳಿ ತೀರ್ಪು ಕೊಡಬೇಡಿ, ಎದುರಿನವರನ್ನೂ ಕೇಳಿ. ಇವತ್ತಿನ ಕೋರ್ಟುಗಳು ಸಹಜ ನ್ಯಾಯ ಅನ್ನೋದೂ ಇದನ್ನೇ. ನೋಟಿಸ್ ಮುಟ್ಟಬೇಕು, ಮಾತಿಗೆ ಅವಕಾಶ ಸಿಗಬೇಕು, ತೀರ್ಪಿಗೆ ಕಾರಣ ಬರೆಯಬೇಕು.

ಕರ್ನಾಟಕದ ಭೂಸುಧಾರಣೆಯಲ್ಲೇ ಇದಕ್ಕೊಂದು ಪಾಠ ಇದೆ. 1974ರ ಮಾರ್ಚ್ 1ರಿಂದ ಗೇಣಿ ಜಮೀನು ಸರ್ಕಾರಕ್ಕೆ ಸೇರಿತು. ಉಳುವವರು ಫಾರಂ 7 ಹಾಕಿ ಭೂ ನ್ಯಾಯಮಂಡಳಿಯ ಮುಂದೆ ಹಕ್ಕು ಕೇಳಬೇಕಿತ್ತು. ಅಲ್ಲಿ ವಕೀಲರು ಹಾಜರಾಗುವಂತಿಲ್ಲ ಅಂತ ಕಾಯ್ದೆಯ 48(8)ನೇ ಕಲಂ ಹೇಳಿತ್ತು. ವಕೀಲರಿಗೆ ಫೀಸು ಕೊಡಲಾಗದ ಗೇಣಿದಾರರಿಗೆ ಇದು ಅನುಕೂಲ ಅನ್ನಿಸಬಹುದು. ಆದರೆ ಅಕ್ಷರ ಬಾರದವರ ಪರ ಕಾಗದಪತ್ರ ಓದಿ ಮಾತಾಡುವವರೂ ಬೇಕಲ್ಲವೇ? 1987ರಲ್ಲಿ ಸುಪ್ರೀಂ ಕೋರ್ಟ್ ಭೂಸುಧಾರಣೆಯನ್ನು ಎತ್ತಿಹಿಡಿಯಿತು, ಆದರೆ ಈ ಕಲಂ ವಕೀಲರನ್ನು ತಡೆಯಲಾರದು ಅಂತ ಹೇಳಿತು. ಉದ್ದೇಶ ಒಳ್ಳೆಯದಾದರೂ ಕ್ರಮವೂ ನೆಟ್ಟಗಿರಬೇಕು.

ಈಗ ದಾರಿ ಎರಡು. ಖಾತೆ, ಪಹಣಿಯ ತಕರಾರು ಕಂದಾಯ ಇಲಾಖೆಯದ್ದು. ಖಾತೆ ಬದಲಾವಣೆಯ ಆದೇಶದ ಮೇಲೆ ಉಪವಿಭಾಗಾಧಿಕಾರಿಗೆ ಮೇಲ್ಮನವಿ, ಆಮೇಲೆ ಜಿಲ್ಲಾಧಿಕಾರಿಗೆ ಪುನರ್ ಪರಿಶೀಲನೆ ಅರ್ಜಿ. ಆದರೆ ಪಹಣಿಯಲ್ಲಿ ಹೆಸರು ಬಂದ ಮಾತ್ರಕ್ಕೆ ಮಾಲೀಕತ್ವ ಸಿಗಲ್ಲ. ಮಾಲೀಕರು ಯಾರು ಅನ್ನೋದು ಸಿವಿಲ್ ಕೋರ್ಟಿನ ಕೆಲಸ.

ಸಿವಿಲ್ ದಾವೆಯಲ್ಲಿ ಸೋತರೆ ಜಿಲ್ಲಾ ನ್ಯಾಯಾಲಯಕ್ಕೆ 30 ದಿನ, ಹೈಕೋರ್ಟಿಗೆ 90 ದಿನದೊಳಗೆ ಮೇಲ್ಮನವಿ ಹಾಕಬೇಕು. ತಡವಾದರೆ ಸರಿಯಾದ ಕಾರಣ ತೋರಿಸಿ ಮನ್ನಾ ಕೇಳಬಹುದು, ಸಿಕ್ಕೇ ಸಿಗುತ್ತೆ ಅಂತಿಲ್ಲ. ಮೊದಲ ಮೇಲ್ಮನವಿಯಲ್ಲಿ ಸಾಕ್ಷಿಯನ್ನೂ ಕಾನೂನನ್ನೂ ಕೋರ್ಟು ಮತ್ತೆ ತೂಗಿ ನೋಡಬೇಕು, ತೀರ್ಮಾನಿಸಬೇಕಾದ ಅಂಶಗಳನ್ನು, ಕಾರಣಗಳನ್ನು ಬರೆಯಬೇಕು. "ಕೆಳಗಿನ ತೀರ್ಪು ಸರಿಯಿದೆ" ಅಂತ ಒಂದು ಸಾಲು ಬರೆದರೆ ಸಾಲದು. ಎರಡನೇ ಮೇಲ್ಮನವಿ ಹೈಕೋರ್ಟಿನಲ್ಲಿ ನಿಲ್ಲಬೇಕಾದರೆ ಗಣನೀಯವಾದ ಕಾನೂನಿನ ಪ್ರಶ್ನೆ ಇರಲೇಬೇಕು. ಹಾಗಾಗಿ ಮೊದಲ ಮೇಲ್ಮನವಿಯನ್ನು ಹಗುರವಾಗಿ ತಗೋಬಾರದು.

ಇನ್ನೆರಡು ವಿಷಯ ನೆನಪಿರಲಿ. ಮೇಲ್ಮನವಿ ಹಾಕಿದ ಮಾತ್ರಕ್ಕೆ ಕೆಳಗಿನ ಡಿಕ್ರಿ ನಿಲ್ಲಲ್ಲ, ತಡೆಯಾಜ್ಞೆ ಬೇರೆಯಾಗಿ ಕೇಳಬೇಕು. ಹೊಸ ದಾಖಲೆಯನ್ನು ಮೇಲ್ಮನವಿಯಲ್ಲಿ ಸುಲಭವಾಗಿ ಒಪ್ಪಲ್ಲ, ಇರೋದನ್ನೆಲ್ಲ ಮೊದಲೇ ಹಾಜರುಪಡಿಸಬೇಕು.

ನಮ್ಮ ಮನೆಗಳಲ್ಲಿ ಎಡವುವ ಜಾಗ ವಾರಸುದಾರರದ್ದು. ಮೇಲ್ಮನವಿ ನಡೆಯುವಾಗ ಕಕ್ಷಿದಾರರು ತೀರಿಕೊಂಡರೆ 90 ದಿನದೊಳಗೆ ವಾರಸುದಾರರನ್ನು ಸೇರಿಸಲು ಅರ್ಜಿ ಹಾಕಬೇಕು. ಇಲ್ಲದಿದ್ದರೆ ಅವರ ಮಟ್ಟಿಗೆ ಮೇಲ್ಮನವಿ ಬಿದ್ದುಹೋಗುತ್ತೆ. ಆ ಪಟ್ಟಿಯಲ್ಲಿ ಗಂಡುಮಕ್ಕಳ ಹೆಸರಷ್ಟೇ ಬರೆದು, ಮದುವೆಯಾಗಿ ಹೋದ ಅಕ್ಕತಂಗಿಯರನ್ನು ಬಿಡೋದುಂಟು. ಕುರ್‌ಆನ್‌ನ ಅನ್ನಿಸಾ ಅಧ್ಯಾಯ ಹೆಣ್ಣುಮಕ್ಕಳಿಗೆ ಪಾಲು ಗೊತ್ತುಮಾಡಿದೆ. ಪಾಲುಗಾರರನ್ನು ಕೇಳದೆ ಪಡೆದ ತೀರ್ಪು ದೀನಿನ ಲೆಕ್ಕದಲ್ಲೂ ಇನ್ಸಾಫ್ ಅಲ್ಲ.

ಇನ್ನೊಂದು ವಿಳಾಸದ ಮಾತು. ಚೆನ್ನೈನ ತಿರುವೊಟ್ಟಿಯೂರಿನಂಥ ಕಾರ್ಖಾನೆ ಊರಿಗೆ ದುಡಿಯಲು ಬಂದವರ ಜಮೀನು ಊರಲ್ಲಿರುತ್ತೆ, ನೋಟಿಸ್ ಹಳೇ ಮನೆಗೆ ಹೋಗುತ್ತೆ. ಹಾಜರಾಗದಿದ್ದರೆ ಏಕಪಕ್ಷೀಯವಾಗಿ ತೀರ್ಪಾಗಬಹುದು. ಈಗಿನ ವಿಳಾಸವನ್ನು ಕೋರ್ಟಿಗೂ ವಕೀಲರಿಗೂ ಬರೆದು ಕೊಡಿ. ನೋಟಿಸ್ ಮುಟ್ಟಿಯೇ ಇಲ್ಲ ಅಂತ ರುಜುವಾತಾದರೆ ಏಕಪಕ್ಷೀಯ ಡಿಕ್ರಿ ರದ್ದುಮಾಡಲು ಅದೇ ಕೋರ್ಟನ್ನು ಕೇಳಬಹುದು, ಅದಕ್ಕೂ ಗಡುವಿದೆ.

ವಕೀಲ, ಅರ್ಜಿ, ತಕರಾರು, ವಾರಸು, ಜಮೀನು: ಇವೆಲ್ಲ ಉರ್ದುವಿನಲ್ಲೂ ಇರುವ, ನಮ್ಮ ಮನೆಯೊಳಗೇ ಆಡುವ ಮಾತುಗಳು. ಅವುಗಳ ಹಿಂದಿನ ಕ್ರಮವನ್ನೂ ಮಕ್ಕಳಿಗೆ ಕಲಿಸೋಣ. ಮನೆಯ ಹಿರಿಯರಿಗೆ ಕೋರ್ಟಿನ ಕಾಗದ ಬಂದಾಗ ಅದರ ತಾರೀಖು ನೋಡಿ ಹೇಳುವವರು ಬಹಳ ಸಲ ಆ ಮನೆಯ ಓದುವ ಮಕ್ಕಳೇ.