ಗೆಣಸಿನ ಶೀಕರಣೆ: ಬೆಲ್ಲ ಬೇಡದ ಸಿಹಿ

ಮಹಾಶಿವರಾತ್ರಿ, ಆಷಾಢ ಏಕಾದಶಿ ಬಂತೆಂದರೆ ಪುಣೆಯ ತರಕಾರಿ ಮಾರುಕಟ್ಟೆಗಳಲ್ಲಿ ಗೆಣಸಿನ ರಾಶಿ ಬೀಳುತ್ತದೆ. ಇಲ್ಲಿ ಅದು ‘ರತಾಳೆ’. ದೆಹಲಿಯಲ್ಲಿ ‘ಶಕರ್‌ಕಂದಿ’, ಚೆನ್ನೈಯಲ್ಲಿ ‘ಸಕ್ಕರವಳ್ಳಿ ಕಿಳಂಗು’, ಹೈದರಾಬಾದಿನಲ್ಲಿ ‘ಚಿಲಗಡದುಂಪ’. ಬೆಳಗಾವಿ ಸೀಮೆಯಲ್ಲಿ ಹುಟ್ಟಿ ಬೆಳೆದ ನನಗೆ ಮಾತ್ರ ಅದು ಎಲ್ಲಿದ್ದರೂ ಗೆಣಸೇ.

ಕಳೆದ ವರ್ಷ ಅವ್ವ ಊರಿನ ಮನೆಗೆ ಬೀಗ ಹಾಕಿ ನಮ್ಮ ಫ್ಲ್ಯಾಟಿಗೆ ಬಂದಳು. ಹಲ್ಲು ಹೋಗಿದ್ದವು, ರೊಟ್ಟಿ ಅಗಿಯಲು ಆಗುತ್ತಿರಲಿಲ್ಲ. ದಿನದಿನಕ್ಕೂ ಊಟ ಕಡಿಮೆಯಾಯಿತು. ಕೇಳಿದರೆ “ಹಸಿವಿಲ್ಲವಾ” ಎನ್ನುವಳು. ಮೆತ್ತಗಿನದೇನಾದರೂ ಮಾಡೋಣವೆಂದು ಗೆಣಸಿನ ಸಿಪ್ಪೆ ಹೆರೆದು, ಹೋಳು ಮಾಡಿ, ಕುಕ್ಕರಿನಲ್ಲಿ ನೀರು ಸುರಿದು ಐದು ಸೀಟಿ ಕೂಗಿಸಿದೆ. ಬೆಲ್ಲ ಹಾಕಿ ಕಲಸಿ ಕೊಟ್ಟೆ. ಒಂದು ತುತ್ತು ತಿಂದು ತಾಟು ಸರಿಸಿದಳು.

“ಗೆಣಸಿನ ಸಿಹಿ ಎಲ್ಲಾ ನೀರಾಗ ಹೋತು. ಅದಕ್ಕ ಬೆಲ್ಲ ಬೇಕಾತು ನಿನಗ.”

ಮರುದಿನ ಅಡುಗೆಮನೆಯಲ್ಲಿ ಕುರ್ಚಿ ಹಾಕಿಸಿಕೊಂಡು ತಾನೇ ಕುಳಿತಳು. ಅವಳು ಹೇಳಿಸಿ ಮಾಡಿಸಿದ್ದು ಹೀಗೆ:

ಅರ್ಧ ಕಿಲೋ ಗೆಣಸನ್ನು ಮಣ್ಣು ಹೋಗುವಂತೆ ತೊಳೆದು, ಸಿಪ್ಪೆ ಸಮೇತ ದಪ್ಪ ತಳದ ಪಾತ್ರೆಯಲ್ಲಿಡಿ. ಒಂದು ಲೋಟ ನೀರು ಹಾಕಿ, ಮುಚ್ಚಿ, ಸಣ್ಣ ಉರಿಯಲ್ಲಿ ಸುಮಾರು 40 ನಿಮಿಷ ಬೇಯಿಸಿ. ತಳ ಹತ್ತದಂತೆ ನಡುವೆ ನೋಡುತ್ತಿರಿ, ಬೇಕಾದರೆ ಸ್ವಲ್ಪ ನೀರು ಸೇರಿಸಿ. ಸಿಪ್ಪೆ ಸುಲಿದು, ನಾರು ತೆಗೆದು, ಬಿಸಿಯಿರುವಾಗಲೇ ಕಿವುಚಿ. 2 ಚೆನ್ನಾಗಿ ಮಾಗಿದ ಬಾಳೆಹಣ್ಣು, ನೆನೆಸಿ ನುಣ್ಣಗೆ ಅರೆದ 4 ಖರ್ಜೂರ ಸೇರಿಸಿ. ಚಿಟಿಕೆ ಉಪ್ಪು, ಏಲಕ್ಕಿ ಪುಡಿ, ಒಂದು ಚಮಚ ತುಪ್ಪ ಹಾಕಿ. ಹದ ಗಟ್ಟಿಯಾದರೆ ಕಾಸಿದ ಹಾಲು ಬೆರೆಸಿ.

ಅವ್ವನ ಸಣ್ಣ ಉರಿಗೆ ಕಾರಣವಿದೆ. ಗೆಣಸು ನಿಧಾನವಾಗಿ ಬಿಸಿಯಾದಾಗ ಅದರಲ್ಲಿರುವ ಅಮೈಲೇಸ್ ಎಂಬ ಕಿಣ್ವ ಪಿಷ್ಟವನ್ನು ಮಾಲ್ಟೋಸ್ ಸಕ್ಕರೆಯಾಗಿ ಒಡೆಯುತ್ತದೆ. ಕುಕ್ಕರಿನ ಬಿರುಸು ಶಾಖದಲ್ಲಿ ಆ ಕೆಲಸಕ್ಕೆ ಹೊತ್ತು ಸಾಲದು. ಆದರೆ ಬೆಲ್ಲವಿಲ್ಲವೆಂದು ಮಧುಮೇಹಿಗಳು ಧಾರಾಳವಾಗಿ ತಿನ್ನುವಂತಿಲ್ಲ. ಗೆಣಸು, ಹಣ್ಣು ಎರಡರಲ್ಲೂ ಸಕ್ಕರೆಯಿದೆ.

ಬಾಳೆಹಣ್ಣು, ಮಾವಿನಹಣ್ಣಿನ ಶೀಕರಣೆ ನಮ್ಮ ಕಡೆಗೂ ಮಹಾರಾಷ್ಟ್ರಕ್ಕೂ ಹೊಸದಲ್ಲ. ಅದರಂತೆ ಇದನ್ನೂ ಚಪಾತಿಯ ಪಕ್ಕಕ್ಕೆ ಬಡಿಸಬಹುದು. ಜೊತೆಗೆ ಖಾರದ ಶೇಂಗಾ ಚಟ್ನಿ ಇದ್ದರೆ ಇನ್ನೂ ರುಚಿ.

ಅಂದು ಅವ್ವ ಚಪಾತಿಯನ್ನು ಹಾಲಿನಲ್ಲಿ ನೆನೆಸಿಕೊಂಡು, ಶೀಕರಣೆ ಎರಡು ಸಲ ಹಾಕಿಸಿಕೊಂಡಳು. ಈಗ ಗೆಣಸು ತರಲು ಅವಳೇ ನನ್ನನ್ನು ಮಾರುಕಟ್ಟೆಗೆ ಹೊರಡಿಸುತ್ತಾಳೆ. ಒಂದೊಂದನ್ನೂ ಹೊರಳಿಸಿ ನೋಡಿ, ತನ್ನ ಬೆಳಗಾವಿ ಮರಾಠಿಯಲ್ಲಿ ಚೌಕಾಸಿ ಮಾಡಿಯೇ ಚೀಲಕ್ಕೆ ಹಾಕುವುದು.